ಷಟರ್ ಎತ್ತಿದವಳು

ನಾಗವೇಣಿಗೆ ಅನ್ಯಗ್ರಹದವರ ಕಾದಂಬರಿಗಳ ಹುಚ್ಚು ಹಿಡಿದದ್ದು ಮದುವೆಯಾಗಿ ಅಹಮದಾಬಾದಿಗೆ ಬಂದ ಮೇಲೆ. ಗಂಡ ಪದ್ಮನಾಭ ಮಣಿನಗರ ಸ್ಟೇಷನ್ನಿನ ಹತ್ತಿರ ಸಣ್ಣದೊಂದು ಉಡುಪಿ ಹೋಟೆಲು ನಡೆಸುತ್ತಿದ್ದ. ಮಧ್ಯಾಹ್ನ ಮೂರರಿಂದ ಐದರವರೆಗೆ ಗಿರಾಕಿಗಳು ಕಡಿಮೆ. ಆ ಎರಡು ಗಂಟೆ ಅವಳದು. ಕುಂದಾಪುರಕ್ಕೆ ಹೋದಾಗಲೆಲ್ಲ ಹಳೆಯ ಪುಸ್ತಕಗಳನ್ನು ಚೀಲ ತುಂಬಿಸಿ ತಂದು, ಗಲ್ಲಾದ ಹಿಂದೆ ಕೂತು ಓದುತ್ತಿದ್ದಳು. ಆಕಾಶದಿಂದ ಹಡಗು ಇಳಿಯಬೇಕು, ನಗರಗಳು ಖಾಲಿಯಾಗಬೇಕು, ಕೊನೆಗೆ ಹತ್ತಿಪ್ಪತ್ತು ಜನ ಯಾವುದೋ ನೆಲಮಾಳಿಗೆಯಲ್ಲಿ ಉಳಿದು ಮತ್ತೆ ಬದುಕು ಶುರುಮಾಡಬೇಕು. ಅಂಥದ್ದು ಕೈಗೆ ಸಿಕ್ಕಿದರೆ ಒಲೆಯ ಮೇಲೆ ಹಾಲಿಟ್ಟದ್ದೂ ಮರೆತುಹೋಗುತ್ತಿತ್ತು. "ನಿನ್ನನ್ನು ಒಂದಿನ ಅವರೇ ಬಂದು ಕರ್ಕೊಂಡು ಹೋಗ್ತಾರೆ ಮಾರಾಯ್ತಿ" ಎಂದು ಪದ್ಮನಾಭ ನಗುತ್ತಿದ್ದ.

ಆ ಹುಚ್ಚಿಗೆ ಜೊತೆಗಾರರು ಸಿಕ್ಕಿದ್ದು ೨೦೧೯ರಲ್ಲಿ. ಚಿತ್ರದುರ್ಗದ ಸುಮುಖ್, ಗದಗದ ಆಕಾಶ್. ಇಬ್ಬರೂ ರಸಾಯನಶಾಸ್ತ್ರದಲ್ಲಿ ಎಂ.ಎಸ್ಸಿ. ಓದಲು ಬಂದವರು, ಪಕ್ಕದ ವಸತಿ ಸೊಸೈಟಿಯ ತಾರಸಿಯ ಮೇಲೊಂದು ರೂಮು ಹಿಡಿದಿದ್ದರು. ಎರಡು ಹೊತ್ತೂ ಊಟ ಇಲ್ಲೇ. ಒಂದು ದಿನ ಗಲ್ಲಾದ ಮೇಲಿದ್ದ ಪುಸ್ತಕವನ್ನು ಆಕಾಶ್ ತಿರುಗಿಸಿ ನೋಡಿ, "ಅಕ್ಕಾರ, ಇದನ್ನ ನೀವ ಓದ್ತೀರಿ?" ಎಂದು ಕಣ್ಣರಳಿಸಿದ. ಅಂದಿನಿಂದ ಪುಸ್ತಕಗಳು ತಾರಸಿಗೆ ಹೋಗಿ ಬರತೊಡಗಿದವು. ಊಟ ಮುಗಿದ ಮೇಲೂ ಮೂವರ ವಾದ ಮುಗಿಯುತ್ತಿರಲಿಲ್ಲ. ನಿಜವಾಗಿಯೂ ಅವರು ಬಂದರೆ ಯಾರು ಉಳಿಯುತ್ತಾರೆ? ಗಟ್ಟಿಗರು ಎನ್ನುತ್ತಿದ್ದ ಸುಮುಖ್. ಬುದ್ಧಿವಂತರು ಎನ್ನುತ್ತಿದ್ದಳು ನಾಗವೇಣಿ. ಆಕಾಶ್ ಮಾತ್ರ ಪಾತ್ರೆಯ ತಳದಲ್ಲಿದ್ದ ಸಾಂಬಾರನ್ನು ಬಳಿದುಕೊಳ್ಳುತ್ತ, "ಯಾರರ ಬರ್ಲಿ, ನಾವು ಮಾತ್ರ ಓಡಿ ಅಕ್ಕಾರ ಹೋಟೆಲಿಗೆ ಬರ್ತೀವಿ. ಇಲ್ಲಿ ಅನ್ನ ಇರೋತನಕ ನಮಗೇನ ಚಿಂತಿ?" ಎನ್ನುತ್ತಿದ್ದ.

ಮರುವರ್ಷ ಮಾರ್ಚಿನಲ್ಲಿ ಕೊರೊನಾ ಬಂದು ಊರೆಲ್ಲ ಬಾಗಿಲು ಹಾಕಿತು. ಅಡುಗೆಯವರು, ಮಾಣಿಗಳು ಹೇಗೋ ಊರು ಸೇರಿದರು. ಹೋಟೆಲಿನ ಮೇಲೇ ಮನೆಯಿದ್ದುದರಿಂದ ಗಂಡ ಹೆಂಡತಿ ಅಲ್ಲಿಯೇ ಉಳಿದರು. ಪದ್ಮನಾಭನಿಗೆ ಹಿಂದಿನ ವರ್ಷವಷ್ಟೇ ಹೃದಯಕ್ಕೆ ಸ್ಟೆಂಟ್ ಹಾಕಿದ್ದರು. ಮೊದಲ ಮೂರು ವಾರ ನಾಗವೇಣಿ ಹುಡುಗರಿಬ್ಬರಿಗೂ ದಿನಾ ಕ್ಯಾರಿಯರ್ ತುಂಬಿಸಿ ಸೊಸೈಟಿಯ ಗೇಟಿನ ಬಳಿ ಇಟ್ಟುಬರುತ್ತಿದ್ದಳು. ಪೊಲೀಸರು ಗಲ್ಲಿಗೆ ಅಡ್ಡಲಾಗಿ ಬಿದಿರು ಕಟ್ಟಿದ ಮೇಲೆ ಅದೂ ನಿಂತಿತು.

ಏಪ್ರಿಲಿನ ಒಂದು ಮಧ್ಯಾಹ್ನ ಅವಳು ಅಕ್ಕಿ ತೆಗೆದುಕೊಂಡು ಹೋಗಲು ಕೆಳಗೆ ಹೋಟೆಲಿಗೆ ಇಳಿದಿದ್ದಳು. ಒಳಗೆ ಬೆಳಕು ಬರಲೆಂದು ಷಟರನ್ನು ಒಂದು ಗೇಣಿನಷ್ಟು ಎತ್ತಿದ್ದಳು. ಹೊರಗೆ ಯಾರೋ ಬಂದು ನಿಂತ ಸದ್ದಾಯಿತು.

"ಅಕ್ಕಾರ... ನಾ ಆಕಾಶ್ ರೀ."

ದನಿ ಒಡೆದಿತ್ತು. ಹಿಂದೆಯೇ ಸುಮುಖ್ ಮಾತಾಡಿದ: "ಅಕ್ಕ, ಇವನಿಗೆ ಮೂರು ದಿನದಿಂದ ಜ್ವರ. ಸೊಸೈಟಿಯವರು ರೂಮು ಖಾಲಿ ಮಾಡಿ ಅಂತಿದಾರೆ. ನಿಮ್ಮ ಹೋಟೆಲ್ ಹುಡುಗರು ಮಲಗ್ತಿದ್ದ ಹಿಂದಿನ ರೂಮಿದೆಯಲ್ಲ, ಅಲ್ಲಿ ಎರಡು ದಿನ ಇರಲಿ. ನಾನೇ ನೋಡ್ಕೋತೀನಿ. ನೀವು ಹತ್ರಾನೂ ಬರೋದು ಬೇಡ."

ಹಿಂದಿನ ರೂಮು ಖಾಲಿಯಿತ್ತು. ಅದರ ಬೀಗದ ಕೈ ಅವಳ ಸೊಂಟದಲ್ಲೇ ಇತ್ತು. ನಾಗವೇಣಿ ಅಕ್ಕಿಯ ತಪ್ಪಲೆ ಹಿಡಿದು ಷಟರಿನ ಈಚೆ ನಿಂತಿದ್ದಳು. ಅವಳು ಇಲ್ಲ ಅನ್ನಲಿಲ್ಲ, ಹೂಂ ಅನ್ನಲಿಲ್ಲ. ಉಸಿರು ಬಿಗಿಹಿಡಿದು ನಿಂತಳು, ಅಷ್ಟೇ. ಆಕಾಶ್ ಕೆಮ್ಮಿದ. ಮತ್ತೊಮ್ಮೆ "ಅಕ್ಕಾರ" ಎಂದ. ಹೊರಗೆ ಬಿಸಿಲು ಸುಡುತ್ತಿತ್ತು. ಹತ್ತು ನಿಮಿಷವೋ ಹದಿನೈದು ನಿಮಿಷವೋ, ಆಮೇಲೆ ಅವರಿಬ್ಬರ ಚಪ್ಪಲಿಯ ಸದ್ದು ದೂರವಾಯಿತು. ಆಗ ಅವಳು ಷಟರಿನ ಅಂಚಿನ ಮೇಲೆ ಕಾಲಿಟ್ಟು ಅದನ್ನು ನೆಲಕ್ಕೆ ಮುಟ್ಟುವವರೆಗೆ ಒತ್ತಿದಳು.

ಸಂಜೆ ಸ್ಟೇಷನ್ನಿನ ಹತ್ತಿರದಿಂದ ಆಕಾಶನನ್ನು ಆಂಬುಲೆನ್ಸಿನಲ್ಲಿ ಕರೆದೊಯ್ದರಂತೆ. ಆಸ್ಪತ್ರೆಯಲ್ಲಿ ಹತ್ತೊಂಬತ್ತು ದಿನ ಆಮ್ಲಜನಕದ ಮೇಲಿದ್ದ. ಜೀವ ಉಳಿಯಿತು, ಶ್ವಾಸಕೋಶ ಮೊದಲಿನಂತಾಗಲಿಲ್ಲ. ಅವನ ಅಪ್ಪ ಬಂದು ಗದಗಕ್ಕೆ ಕರೆದುಕೊಂಡು ಹೋದರು. ಓದು ಅಲ್ಲಿಗೇ ನಿಂತಿತು. ಇದನ್ನೆಲ್ಲ ಸುಮುಖ್ ಹೇಳಿದ್ದು ರೈಲುಗಳು ಓಡತೊಡಗಿದ ಮೇಲೆ, ಅವಳ ಪುಸ್ತಕಗಳನ್ನು ವಾಪಸು ಕೊಡಲು ಬಂದಾಗ.

"ನಾವಾಗ ಮೇಲೇ ಇದ್ದದ್ದು ಸುಮುಖಾ" ಎಂದಳು ನಾಗವೇಣಿ. "ನೀವು ಬಂದದ್ದೇ ಗೊತ್ತಾಗ್ಲಿಲ್ಲ."

ತಾವು ಬಂದಿದ್ದೆವೆಂದು ಸುಮುಖ್ ಹೇಳಿಯೇ ಇರಲಿಲ್ಲ. ಅವನು ಕಾಫಿಯ ಲೋಟವನ್ನೇ ನೋಡುತ್ತ, "ಇರಲಿ ಬಿಡಿ ಅಕ್ಕ" ಎಂದ. ಆಮೇಲೆ ಅವನು ಪರೀಕ್ಷೆ ಮುಗಿಸಿ, ಸೂರತ್ತಿನ ಪಾಂಡೇಸರಾದಲ್ಲಿ ಬಟ್ಟೆಗೆ ಬಣ್ಣ ಹಾಕುವ ಮಿಲ್ಲೊಂದರ ಲ್ಯಾಬಿಗೆ ಸೇರಿದ. ಅಲ್ಲಿಂದ ವರ್ಷಕ್ಕೊಮ್ಮೆ ಯುಗಾದಿಗೆ ಫೋನು ಮಾಡುತ್ತಿದ್ದ. ನಾಗವೇಣಿ ಅನ್ಯಗ್ರಹದವರ ಪುಸ್ತಕ ಓದುವುದನ್ನು ಬಿಟ್ಟಳು. ಕಣ್ಣು ಮಂಜಾಗಿದೆ ಎಂದು ಗಂಡನಿಗೆ ಹೇಳಿದಳು.

ಐದು ವರ್ಷದ ಮೇಲೆ ಒಂದು ಭಾನುವಾರ ಸುಮುಖ್ ಹೋಟೆಲಿಗೆ ಬಂದ. ಹೊಟ್ಟೆ ಸ್ವಲ್ಪ ಬಂದಿತ್ತು, ಕನ್ನಡಕ ಹಾಕಿದ್ದ. ಚೀಲದಿಂದ ಸ್ಪೈರಲ್ ಬೈಂಡಿಂಗ್ ಮಾಡಿಸಿದ ದಪ್ಪ ಕಟ್ಟೊಂದನ್ನು ತೆಗೆದು ಗಲ್ಲಾದ ಮೇಲಿಟ್ಟ.

"ಕಾದಂಬರಿ ಬರೆದಿದೀನಿ ಅಕ್ಕ. ಅನ್ಯಗ್ರಹದವರದೇ. ಇನ್ನೂ ಹೆಸರಿಟ್ಟಿಲ್ಲ. ಧಾರವಾಡದ ಒಬ್ಬರು ಅಚ್ಚು ಮಾಡ್ತೀನಿ ಅಂದಿದಾರೆ. ಮೊದಲು ನೀವು ಓದಬೇಕು."

ಓದಲಾರೆ ಎನ್ನುವುದಕ್ಕೆ ಅವಳ ಬಳಿ ನೆಪವಿತ್ತು. ಆದರೆ ಅವನ ಮುಖ ನೋಡಿ ಬಾಯಿ ಬರಲಿಲ್ಲ.

ಕಾದಂಬರಿ ಚೆನ್ನಾಗಿತ್ತು. ಅಹಮದಾಬಾದಿನ ಕಾಂಕರಿಯಾ ಕೆರೆಯ ಮೇಲೆ ಒಂದು ಬೆಳಿಗ್ಗೆ ಬೂದು ಬಣ್ಣದ ಹಡಗು ಬಂದು ನಿಲ್ಲುತ್ತದೆ. ಅದು ಬಂದ ಕೂಡಲೇ ಯಾರನ್ನೂ ಕೊಲ್ಲುವುದಿಲ್ಲ. ಅದರ ಬೆಳಕು ತಾಗಿದವರಿಗೆ ಜ್ವರ ಬರುತ್ತದೆ. ಉಳಿದವರು ಅವರನ್ನು ಮನೆಯಿಂದ, ಊರಿನಿಂದ ಹೊರಗೆ ಹಾಕುತ್ತಾರೆ. ಹಡಗಿನವರು ಸುಮ್ಮನೆ ನೋಡುತ್ತಿರುತ್ತಾರೆ. ಒಂದೊಂದೇ ನಗರವನ್ನು ನೋಡಿ, ಇದು ಉಳಿಯಬೇಕೋ ಬೇಡವೋ ಎಂದು ತೀರ್ಮಾನಿಸುತ್ತಾರೆ. ಮುಂಬಯಿ ಹೋಗಿದೆ, ವಡೋದರಾ ಹೋಗಿದೆ. ಈಗ ಅಹಮದಾಬಾದಿನ ಸರದಿ.

ಹದಿನಾಲ್ಕನೆಯ ಅಧ್ಯಾಯದಲ್ಲಿ ಮಣಿನಗರದ ಹೋಟೆಲು ಬಂತು. ಹೋಟೆಲಿನವಳ ಹೆಸರು ನಾಗವೇಣಿ. ಜ್ವರದ ಹುಡುಗನೊಬ್ಬ ಬಂದು ಷಟರಿನ ಮುಂದೆ ನಿಂತು ಕರೆಯುತ್ತಾನೆ. ಓದುತ್ತಿದ್ದ ನಾಗವೇಣಿ ಕಟ್ಟನ್ನು ಕೆಳಗಿಟ್ಟಳು. ಇವನಿಗೆ ಎಲ್ಲ ಗೊತ್ತಿದೆ, ಬರೆದಿದ್ದಾನೆ, ಇನ್ನು ಎಲ್ಲರೂ ಓದುತ್ತಾರೆ ಎಂದುಕೊಂಡಳು. ಧೈರ್ಯ ಮಾಡಿ ಪುಟ ತಿರುಗಿಸಿದಳು.

ಪುಸ್ತಕದ ನಾಗವೇಣಿ ಷಟರ್ ಎತ್ತುತ್ತಾಳೆ. ಎರಡೂ ಕೈಯಿಂದ, ಪೂರಾ ಮೇಲಕ್ಕೆ. ಹುಡುಗನನ್ನು ಒಳಗೆ ಕರೆದು, ಹಿಂದಿನ ರೂಮಿನಲ್ಲಿ ಹಾಸಿಗೆ ಹಾಸಿ, ಗಂಜಿ ಕುಡಿಸುತ್ತಾಳೆ. ಕೆರೆಯ ಮೇಲಿನ ಹಡಗಿನವರು ಅದನ್ನು ಕಾಣುತ್ತಾರೆ. ನಗರ ಉಳಿಯುತ್ತದೆ.

ಆ ಸಂಜೆ ಇಡ್ಲಿ ಹಿಟ್ಟಿಗೆ ಉಪ್ಪು ಹಾಕಲು ಮರೆತಳು. ಎರಡು ದಿನ ಬಿಟ್ಟು, ಸಂಬಂಧಿಕರ ಮನೆಗೆಂದು ಹೇಳಿ ಬೆಳಗಿನ ರೈಲಿನಲ್ಲಿ ಸೂರತ್ತಿಗೆ ಹೊರಟಳು. ಆಣಂದ್, ವಡೋದರಾ, ಭರೂಚ್ ದಾಟಿದವು. ಏನು ಹೇಳಬೇಕೆಂದು ದಾರಿಯುದ್ದಕ್ಕೂ ಕೂಡಿಸಿಕೊಂಡಳು. ಪಾಂಡೇಸರಾದ ಮಿಲ್ಲಿನ ಗೇಟಿನೆದುರು ಚಹಾದ ಅಂಗಡಿಯ ಬೆಂಚಿನಲ್ಲಿ ಸುಮುಖ್ ಬಂದು ಪಕ್ಕದಲ್ಲಿ ಕೂತಾಗ ಅದೆಲ್ಲ ಮರೆತುಹೋಯಿತು. ಅವನ ಉಗುರುಗಳ ಸಂದಿಯಲ್ಲಿ ನೀಲಿ ಬಣ್ಣ ಕೂತಿತ್ತು.

"ನಾನು ಅವತ್ತು ಕೆಳಗೇ ಇದ್ದೆ ಸುಮುಖಾ" ಎಂದಳು. "ಷಟರಿನ ಹಿಂದೆಯೇ. ನಿನಗೆ ಸುಳ್ಳು ಹೇಳಿದೆ."

"ಗೊತ್ತು ಅಕ್ಕ."

"ಹೇಗೆ?"

"ಷಟರ್ ಕೆಳಗೆ ನಿಮ್ಮ ಕಾಲು ಕಾಣ್ತಿತ್ತು." ಅವನು ಚಹಾವನ್ನು ಊದಿದ. "ಮೊದಲು ನೋಡಿದ್ದು ಆಕಾಶ್. ನಾನು ಷಟರ್ ಬಡಿಯೋಕೆ ಹೋದೆ, ಅವನೇ ನನ್ನ ಕೈ ಹಿಡ್ಕೊಂಡ. 'ಬ್ಯಾಡ ನಡಿ, ಅಕ್ಕಾರ ಅಂಜ್ಯಾರ' ಅಂದ."

ರಸ್ತೆಯಲ್ಲಿ ಸೀರೆಯ ಗಂಟುಗಳನ್ನು ಹೇರಿಕೊಂಡ ಟೆಂಪೋ ಒಂದು ಹಾರನ್ ಹಾಕುತ್ತ ಹೋಯಿತು. ಅದು ದಾಟಿದ ಮೇಲೆ ನಾಗವೇಣಿ ಕೇಳಿದಳು:

"ಮತ್ತೆ ಎಂತಕ್ಕೆ ಹಾಗೆ ಬರೆದದ್ದು? ನಡೆದದ್ದನ್ನೇ ಬರಿ. ಅವಳು ತೆಗೀಲಿಲ್ಲ ಅಂತಲೇ ಬರಿ. ನನಗೆ ಬೇಜಾರಿಲ್ಲ."

"ಬರೆದೆ ಅಕ್ಕ. ನಾಲ್ಕು ಸಲ ಹಾಗೇ ಬರೆದೆ. ಆ ಪುಟ ಆದ ಮೇಲೆ ಊರು ಉಳಿಯೋಕೆ ಒಂದು ಕಾರಣಾನೂ ಸಿಗಲ್ಲ. ಕಥೆ ಅಲ್ಲೇ ಮುಗಿದುಹೋಗುತ್ತೆ. ನನಗೆ ಮುಗಿಸೋಕೆ ಮನಸ್ಸು ಬರಲಿಲ್ಲ." ಅವನು ಲೋಟ ಕೆಳಗಿಟ್ಟ. "ಇನ್ನೊಂದು ಹೇಳ್ತೀನಿ. ಆಂಬುಲೆನ್ಸ್ ಬಂದಾಗ ಜೊತೇಲಿ ಯಾರು ಬರ್ತೀರಿ ಅಂತ ಕೇಳಿದ್ರು. ನಾನು ಅವನ ಸ್ನೇಹಿತ ಅಲ್ಲ, ಪಕ್ಕದ ರೂಮಿನವನು ಅಂದೆ. ಅವನು ಕೇಳಿಸ್ಕೊಂಡ. ಒಬ್ಬನೇ ಹತ್ತಿ ಕೂತ. ಅದನ್ನ ಕಾದಂಬರೀಲಿ ಎಲ್ಲೂ ಬರೆದಿಲ್ಲ ನೋಡಿ ನಾನು."

ಊಟದ ಸಮಯ ಮುಗಿದ ಸೈರನ್ ಕೂಗಿದಾಗ ನಾಗವೇಣಿ, "ನನ್ನ ಹೆಸರಾದರೂ ತೆಗಿ ಮಾರಾಯ. ಆ ಹೆಂಗಸಿಗೆ ಬೇರೆ ಯಾರ ಹೆಸರಾದರೂ ಇಡು" ಎಂದಳು. ಅವನು ಒಪ್ಪಿದ. ಅವಳು ಕೇಳಿದ ಮೇಲೆ ಆಕಾಶನ ನಂಬರನ್ನೂ ಬರೆದುಕೊಟ್ಟ.

ವಾಪಸು ಹೋಗುವ ರೈಲಿಗೆ ಇನ್ನೂ ಒಂದು ಗಂಟೆಯಿತ್ತು. ಪ್ಲಾಟ್‌ಫಾರ್ಮಿನ ತುದಿಗೆ ನಡೆದು ಫೋನು ಹಚ್ಚಿದಳು.

"ಅಕ್ಕಾರ!" ಅವಳ ಹಲೋ ಕೇಳಿದ್ದೇ ಆಕಾಶ್ ಗುರುತು ಹಿಡಿದ. "ಆರಾಮ್ ಅದೀರಿ? ಹೋಟೆಲು ನಡದದ?"

ಮಾತಿನ ನಡುವೆ ಅವನಿಗೆ ಉಸಿರು ಸಾಲುತ್ತಿರಲಿಲ್ಲ. ಬೀಜ-ಗೊಬ್ಬರದ ಅಂಗಡಿಯಲ್ಲಿ ಲೆಕ್ಕ ಬರೆಯುತ್ತೇನೆ ಎಂದ. ನಿಂತು ಮಾಡುವ ಕೆಲಸ ಆಗುವುದಿಲ್ಲ ಎಂದ. ನಾಗವೇಣಿ ಮೊದಲು ಸುತ್ತು ಬಳಸಿ, ಆಮೇಲೆ ನೇರವಾಗಿ ಹೇಳಿದಳು. ಒಳಗಿದ್ದೆ. ಬೀಗದ ಕೈ ನನ್ನ ಹತ್ತಿರವೇ ಇತ್ತು. ಕೇಳಿಸಿಯೂ ಕೇಳಿಸದ ಹಾಗೆ ನಿಂತೆ. ತಪ್ಪಾಯಿತು.

ಆ ಕಡೆಯಿಂದ ಉಸಿರಾಟವಷ್ಟೇ ಕೇಳುತ್ತಿತ್ತು.

"ನಾ ಅದನ್ನ ಮರ್ತೀನಿ ಅಂದ್ರ ಸುಳ್ಳಾಗ್ತದ ಅಕ್ಕಾರ" ಎಂದ ಕೊನೆಗೆ. "ನೀವು ಬಾಗಲಾ ತಗೀಲಿಲ್ಲ ಅಂತ ನನಗ ಸಿಟ್ಟಿಲ್ಲ. ಮನ್ಯಾಗ ಹಾರ್ಟ್ ಪೇಶಂಟ್ ಇದ್ರು. ನಮ್ಮವ್ವ ಆದ್ರೂ ಅಂಜತಿದ್ಲೇನೋ. ಆದ್ರ ಒಂದು ಮಾತು ಆಡಬೇಕಿತ್ರಿ. ಒಳಗಿಂದನ 'ಬರಬ್ಯಾಡಪ್ಪಾ, ಹೋಗು' ಅಂದಿದ್ರೂ ಸಾಕಿತ್ತು. ಆಸ್ಪತ್ರ್ಯಾಗ ಮಕ್ಕೊಂಡು ನಾ ಅದನ್ನ ವಿಚಾರ ಮಾಡ್ತಿದ್ದೆ. ನಾ ಕರದದ್ದು ಕೇಳಿಸ್ತು, ಕಾಲು ಕಂಡ್ವು, ಮಾತ ಇಲ್ಲ. ಅಂದ್ರ ನಾ ಆಗಲೇ ಸತ್ತೀನೋ ಏನೋ ಅನಿಸ್ತಿತ್ತು."

ನಾಗವೇಣಿ ಏನೋ ಹೇಳಲು ಹೋದಳು.

"ಭಾಳ ಮಾತಾಡಿದ್ರ ದಮ್ಮು ಹತ್ತತದರಿ. ಇಡ್ಲಾ?" ಎಂದು ಅವನು ಫೋನಿಟ್ಟ.

ಮುಂದಿನ ತಿಂಗಳು ಎರಡು ಸಲ ಅವನಿಗೆ ಫೋನು ಮಾಡಿದಳು. ಎತ್ತಲಿಲ್ಲ. ಮೂರನೆಯ ಸಲ ಮಾಡುವುದು ಅವನಿಗೆ ತೊಂದರೆ ಕೊಟ್ಟಂತೆ ಎನಿಸಿ ಬಿಟ್ಟಳು.

ಜನವರಿಯಲ್ಲಿ ಪುಸ್ತಕ ಅಚ್ಚಾಯಿತು. ಅಹಮದಾಬಾದಿನ ಕನ್ನಡಿಗರು ಒಂದು ಭಾನುವಾರ ಬೆಳಿಗ್ಗೆ ಸಣ್ಣ ಸಮಾರಂಭ ಇಟ್ಟುಕೊಂಡರು. ನಲವತ್ತು ಜನ ಬಂದಿದ್ದರು; ತಿಂಡಿ ಪದ್ಮನಾಭನ ಹೋಟೆಲಿನದು. ಹೋಟೆಲಿನವಳಿಗೆ ಸುಮುಖ್ ಜಲಜಾ ಎಂದು ಹೆಸರಿಟ್ಟಿದ್ದ. ಹೆಸರು ಬದಲಾದರೇನು, ಮಣಿನಗರದಲ್ಲಿ ಸ್ಟೇಷನ್ ಹತ್ತಿರ ಹೋಟೆಲಿರುವ, ಗಲ್ಲಾದ ಹಿಂದೆ ಪುಸ್ತಕ ಓದುವ ಹೆಂಗಸು ಯಾರೆಂದು ಅಲ್ಲಿದ್ದವರಿಗೆಲ್ಲ ಗೊತ್ತಿತ್ತು. ಬ್ಯಾಂಕಿನಲ್ಲಿ ಕೆಲಸ ಮಾಡುವ ವಿಂಧ್ಯಾ ಎಂಬಾಕೆ ಎದ್ದು ನಿಂತು, "ಆ ಅಧ್ಯಾಯ ಓದಿ ಅತ್ತುಬಿಟ್ಟೆ. ಜಲಜಾ ಅಂದ್ರೆ ನೀವೇ ಅಲ್ವಾ ನಾಗವೇಣಿಯವರೇ?" ಎಂದಳು. ಜನ ತಿರುಗಿ ನೋಡಿ ಚಪ್ಪಾಳೆ ತಟ್ಟಿದರು. ಪದ್ಮನಾಭನೂ ತಟ್ಟಿದ.

ವೇದಿಕೆಯ ಮೇಲೆ ಸುಮುಖ್ ತಲೆ ತಗ್ಗಿಸಿದ್ದ.

"ಅಲ್ಲ" ಎಂದಳು ನಾಗವೇಣಿ, ಕೂತಲ್ಲಿಂದಲೇ. "ಹಾಗೆ ಒಬ್ಬ ಹುಡುಗ ಬಂದು ಕರೆದದ್ದು ಹೌದು, ನಮ್ಮ ಹೋಟೆಲಿನ ಎದುರೇ. ನಾನು ತೆಗೀಲಿಲ್ಲ. ಆ ಹುಡುಗ ಈಗ ಗದಗದಲ್ಲಿದ್ದಾನೆ. ಅವನಿಗೆ ನೆಟ್ಟಗೆ ಉಸಿರಾಡ್ಲಿಕ್ಕೆ ಆಗುದಿಲ್ಲ."

ಚಪ್ಪಾಳೆ ನಿಂತಿತು. ಯಾರೋ ಕೆಮ್ಮಿದರು. ಸಭೆ ನಡೆಸುತ್ತಿದ್ದವರು ಅವಸರದಿಂದ ಮುಂದಿನ ಪ್ರಶ್ನೆ ಕೇಳಿದರು. ತಿಂಡಿಯ ಹೊತ್ತಿನಲ್ಲಿ ಅವಳ ಹತ್ತಿರ ಯಾರೂ ಬರಲಿಲ್ಲ. ವಿಂಧ್ಯಾ ಮಾತ್ರ ದೂರದಿಂದ ಒಮ್ಮೆ ನೋಡಿ ಮುಖ ತಿರುಗಿಸಿದಳು.

ರಿಕ್ಷಾದಲ್ಲಿ ಮನೆಗೆ ಬರುವಾಗ ಪದ್ಮನಾಭ ತಿಂಡಿಯ ಪಾತ್ರೆಗಳನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದ. ಇದೆಲ್ಲ ಅವನಿಗೆ ಗೊತ್ತಾದದ್ದೇ ಅಲ್ಲಿ, ಪರರ ನಡುವೆ ಕೂತು. ಮೆಟ್ಟಿಲು ಹತ್ತಿ ಒಳಗೆ ಬಂದ ಮೇಲೆ ಅಂಗಿಯ ಗುಂಡಿ ಬಿಚ್ಚುತ್ತ ಕೇಳಿದ:

"ನನ್ನ ಹಾರ್ಟಿಂದು ನೆನೆಸಿ ಅಲ್ವಾ ನೀನು ಹಾಗೆ ಮಾಡಿದ್ದು? ನನಗೆ ಎಂತಾದರೂ ಆದೀತು ಅಂತ?"

ಹೌದು ಅನ್ನಬಹುದಿತ್ತು. ಅವನಿಗೂ ಸಮಾಧಾನವಾಗುತ್ತಿತ್ತು. ಆಕಾಶ್ ಸಹ ಅದನ್ನೇ ನಂಬಿದ್ದ.

"ಅಲ್ಲ" ಎಂದಳು. "ಆ ಹೊತ್ತಿಗೆ ನಿಮ್ಮ ನೆನಪೇ ಬರ್ಲಿಲ್ಲ. ನನ್ನ ಹೆದರಿಕೆ ಒಂದೇ ಇದ್ದದ್ದು. ನಿಮ್ಮ ಹೆಸರು ಹೇಳಿಕೊಂಡದ್ದೆಲ್ಲ ಆಮೇಲೆ."

ಪದ್ಮನಾಭ ಅವಳನ್ನು ಸ್ವಲ್ಪ ಹೊತ್ತು ನೋಡಿದ. ಆಮೇಲೆ ಹೋಗಿ ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂತ. ನಾಗವೇಣಿ ಸಮಾರಂಭದ ಸೀರೆಯನ್ನು ಬದಲಿಸದೆ, ಸಭೆಯಲ್ಲಿ ಉಳಿದುಬಂದಿದ್ದ ಶೀರಾವನ್ನು ಬೇರೆ ಪಾತ್ರೆಗೆ ತೋಡಿ ಹಾಕತೊಡಗಿದಳು.