ಎಂಟು ಸೆಕೆಂಡಿನ ಅಳು

ಗ್ರೀಸಿನ ವೋಲೋಸ್‌ ಊರಿನ ನಮ್ಮ ಟೀವಿ ಚಾನೆಲ್ಲಿನಲ್ಲಿ ಹಳೆಯ ದೃಶ್ಯಗಳನ್ನು ಹುಡುಕಿಕೊಡುವ ಕೆಲಸ ನನ್ನದು. ಎವಾಂಥಿಯಾ ಅಳುವ ಎಂಟು ಸೆಕೆಂಡಿನ ತುಣುಕಿಗೆ ‘ಹೆಂಗಸು, ಅಳು, ಚೆನ್ನಾಗಿದೆ’ ಎಂದು ಚೀಟಿ ಅಂಟಿಸಿದವನೂ ನಾನೇ. ಹನ್ನೊಂದು ವರ್ಷದ ಹಿಂದೆ, ಭೂಕಂಪದಲ್ಲಿ ಬೇಕರಿ ಕುಸಿದು ಆಕೆಯ ಗಂಡ ಸತ್ತ ದಿನದ್ದು ಅದು. ಆಮೇಲೆ ನೆರೆ ಬಂದರೂ ನಮ್ಮ ವಾರ್ತೆಯಲ್ಲಿ ಆಕೆಯೇ ಅತ್ತರು, ದೂರದ ಯುದ್ಧಕ್ಕೂ ಆಕೆಯೇ. ಪಿಂಚಣಿ ಕಡಿತವಾದ ದಿನವೂ ಬಿಡಲಿಲ್ಲ. ನಾವೇನು ಅಥೆನ್ಸಿನ ದೊಡ್ಡ ಚಾನೆಲ್ಲೇ, ಎಲ್ಲೆಡೆಗೂ ಕ್ಯಾಮೆರಾ ಓಡಿಸಲು?

ದೇಶದ ಉತ್ತರದಲ್ಲಿ ನೆರೆಯೆಂದು ಸುದ್ದಿ ಬಂದ ದಿನ, ಮಧ್ಯಾಹ್ನದ ವಾರ್ತೆಗೆ ಮುಂಚೆ ಆಕೆ ನೇರ ನನ್ನ ಕೋಣೆಗೇ ಬಂದರು. ಮೈಮೇಲೆ ವಿಧವೆಯರು ತೊಡುವ ಕಪ್ಪು ಬಟ್ಟೆ.

“ತಮ್ಮಾ, ಭಾನುವಾರ ನನ್ನ ಮದುವೆ. ಮೀನಂಗಡಿ ಪಂದೇಲಿಸ್ ಜೊತೆ. ಹಿಂದೆ ಎರಡು ಸಲ ದಿನ ಗೊತ್ತು ಮಾಡಿದ್ವಿ, ಎರಡು ಸಲಾನೂ ನೀವು ನನ್ನ ತೋರಿಸಿದ್ರಿ. ಸತ್ತೋರ ಹೆಸರಲ್ಲಿ ಬೇಯಿಸಿದ ಗೋಧಿ ಹಿಡ್ಕೊಂಡು ಬೀದಿಯೋರೆಲ್ಲ ಬಂದ್ಬಿಟ್ರು! ‘ನಿನ್ನೆ ಟೀವೀಲಿ ಅಳ್ತಿದ್ಲು, ಇವತ್ತು ನೀಲಿ ಬಟ್ಟೆ’ ಅಂತ ಆಡ್ಕೊಂಡ್ರು. ಮತ್ತೆ ಕಪ್ಪು ಹಾಕ್ಕೊಂಡೆ. ಪಂದೇಲಿಸ್ ಇನ್ನು ಕಾಯಲ್ವಂತೆ. ಇದೊಂದು ಸಲ ನನ್ನ ಬಿಟ್ಬಿಡಪ್ಪ.”

ಅಷ್ಟರಲ್ಲಿ ಸಂಪಾದಕ ಲೆಫ್ತೆರಿಸ್ ಬಾಗಿಲಲ್ಲಿ ತಲೆ ಹಾಕಿದ. “ಹತ್ತೇ ನಿಮಿಷ ಇದೆ ಮಾರಾಯ, ನೆರೆಗೊಂದು ಅಳು ಕೊಡು!”

“ಈ ಸಲ ಬೇರೆಯವರನ್ನ ಹಾಕ್ಲಾ ಸರ್?”

“ಯಾರನ್ನಾದ್ರೂ ಹಾಕು. ಅಳ್ತಿರ್ಬೇಕು, ಅಷ್ಟೆ.”

ಬೇಗ ಬೇಗ ಹುಡುಕಿದೆ. ಸಿಕ್ಕಿತು. ಮನೆಯ ಮಾಡಿನ ಮೇಲೆ ಕೂತು ಅಳುತ್ತಿದ್ದ ಎಳೆ ಹೆಂಗಸು, ಕೈಯಲ್ಲಿ ಮಗುವಿನ ಒದ್ದೆ ಕಂಬಳಿ. ಮಗು ಇರಲಿಲ್ಲ. ಗೆದ್ದೆ ಅಂದುಕೊಂಡು ಗುಂಡಿ ಒತ್ತಲು ಹೋದೆ. ಎವಾಂಥಿಯಾ ನನ್ನ ಮಣಿಕಟ್ಟು ಹಿಡಿದರು.

“ಯಾರಿವಳು?”

“ಗೊತ್ತಿಲ್ಲಕ್ಕ.”

“ಎಷ್ಟು ಸಲ ತೋರಿಸಿದ್ದೀರಿ?”

“ಇದೇ ಮೊದಲು.”

“ಇವತ್ತು ಹಾಕಿದ್ರೆ ಇನ್ಮುಂದೆ ಎಲ್ಲದಕ್ಕೂ ಇವಳೇ, ಅಲ್ವಾ?”

ಒಂದು ಸುಳ್ಳು ಹೇಳಿದ್ದರೆ ಮುಗಿದುಹೋಗುತ್ತಿತ್ತು. ನನ್ನ ಹಾಳು ಬಾಯಿ “ಹೌದಕ್ಕ” ಅಂದುಬಿಟ್ಟಿತು.

“ಬೇಡ,” ಎಂದರು. “ನಂದೇ ಹಾಕು.”

“ಅಕ್ಕಾ, ಭಾನುವಾರ...?”

“ಹಾಕು ಅಂದ್ನಲ್ಲ!”

ಹಾಕಿದೆ. ನಾಚಿಕೆಯಿಂದ ಸತ್ತುಹೋಗಬೇಕು ಅನ್ನಿಸಿತು. ಆಕೆ ಮಾತ್ರ ತಮ್ಮ ಅಳುವನ್ನು ಎಂಟು ಸೆಕೆಂಡೂ ರೆಪ್ಪೆ ಮಿಟುಕಿಸದೆ ನೋಡಿದರು. ನನ್ನ ಮಣಿಕಟ್ಟು ಇನ್ನೂ ಆಕೆಯ ಹಿಡಿತದಲ್ಲೇ ಇತ್ತು.

“ಈಗ ಆ ಹುಡುಗೀದನ್ನ ಪೂರ್ತಿ ಅಳಿಸಿಹಾಕು. ನನ್ನ ಕಣ್ಣೆದುರಿಗೇ.”

ಅಳಿಸಿಹಾಕಿದೆ. ಆಮೇಲೆ ಆಕೆ ನನ್ನ ಕೈ ಬಿಟ್ಟರು.