ಹ್ಯಾಲಿಫ್ಯಾಕ್ಸ್‌ನ ನಾಲಿಗೆ

“ಮೀನಿನ ಅಂಗಡಿ ವಿಷಯ ಇವತ್ತು ಬೇಡ, ಎನಿಡ್. ಅಪ್ಪ ವ್ಯಾಪಾರದಲ್ಲಿದ್ದರು ಅಂದ್ರೆ ಸಾಕು,” ಎಂದ ನಿರ್ಮಾಪಕ ಆಬ್ರಿ, ಮೇಕಪ್ ಕೋಣೆಯ ಬಾಗಿಲಲ್ಲೇ ನಿಂತು. “ಆಮೇಲೆ ಆ ನಿನ್ನ ಊರಿನ ರಾಗ. ಸ್ವಲ್ಪ ನಯ ಮಾಡ್ಕೋ. ಇಷ್ಟು ದಿನ ಮೂಲೆ ಕುರ್ಚೀಲಿ ಹೇಗೆ ಮಾತಾಡಿದ್ರೂ ನಡೀತಿತ್ತು. ಇವತ್ತು ಕಾರ್ಯಕ್ರಮ ನಡೆಸೋಳೇ ನೀನು. ಎಡವಟ್ಟಾದ್ರೆ ಮೇಲಿನವರು ಸರ್ ಡೆಂಜಿಲ್‌ಗೆ ಕೊಟ್ಬಿಡ್ತಾರೆ.”

ಎನಿಡ್ ಸಟ್‌ಕ್ಲಿಫ್ ಕನ್ನಡಿಯಲ್ಲೇ ತಲೆಯಾಡಿಸಿದಳು. ಲಂಡನ್ನಿಗೆ ಬಂದ ಹೊಸತರಲ್ಲಿ ಅವಳು ಪತ್ರಿಕೆಯೊಂದಕ್ಕೆ ಅಡುಗೆಯ ಅಂಕಣ ಬರೆಯುತ್ತಿದ್ದಳು. ಓದುಗರು ಮುಗಿಬಿದ್ದದ್ದು ಅಡುಗೆಗಲ್ಲ, ಅದರೊಳಗಿನ ಕುಚೋದ್ಯಕ್ಕೆ. ಅಂಕಣ ಪುಸ್ತಕವಾಯಿತು, ಪುಸ್ತಕ ಅವಳನ್ನು ಟಿವಿಯ ಹರಟೆ ಕಾರ್ಯಕ್ರಮವೊಂದರ ಮೂಲೆ ಕುರ್ಚಿಗೆ ತಂದಿತು. ಅದನ್ನು ನಡೆಸಿಕೊಡುವವರ ನಡುವಿನ ಕುರ್ಚಿಯಲ್ಲಿ ಅದುವರೆಗೆ ಹೆಂಗಸು ಕೂತಿರಲಿಲ್ಲ.

ಆಬ್ರಿ ಅತ್ತ ಹೋದದ್ದೇ ತಡ, ಸೋಫಾದ ಅಂಚಿನಲ್ಲಿ ಕೂತಿದ್ದ ಅವ್ವ ಬಾಯಿ ಬಿಟ್ಟಳು. ಉತ್ತರ ಇಂಗ್ಲೆಂಡಿನ ಗಿರಣಿಗಳ ಊರಾದ ಹ್ಯಾಲಿಫ್ಯಾಕ್ಸ್‌ನ ತಮ್ಮ ಕರಿದ ಮೀನಿನ ಅಂಗಡಿಗೆ ಬೀಗ ಹಾಕಿ ಬೆಳಗಿನ ರೈಲಿಗೆ ಬಂದಿಳಿದಿದ್ದಳು ಏಡಾ.

“ಯಾರವಾ ಅವ? ಬಿಸಿ ಆಲೂಗಡ್ಡಿ ಬಾಯಾಗ ಇಟ್ಕೊಂಡಂಗ ಮಾತಾಡ್ತಾನಲ್ಲ!”

“ನನಗ ಕೆಲಸ ಕೊಟ್ಟಾವ, ಅವ್ವಾ. ಸುಮ್ನಿರು.”

“ಹಂಗಾರ ಅವ ಹೇಳಿದಂಗ ಮಾಡು. ಅಂಗಡಿ ಹೆಸರು ಎತ್ತಬ್ಯಾಡ. ನಾನೂ ಹಿಂದಿನ ಸಾಲಿನ್ಯಾಗ ಕುಂಡರತೀನಿ. ಈ ಕೋಟು ಎಷ್ಟು ತಿಕ್ಕಿದ್ರೂ ಕರದ ವಾಸನಿ ಬಿಡವಲ್ದು.”

ತಮಾಷೆಯಾಗಿಯೇ ಅಂದಳು. ಆದರೆ ಅನ್ನುತ್ತಲೇ ತೋಳನ್ನು ಮೂಗಿಗೆ ಹಿಡಿದು ನೋಡಿಕೊಂಡದ್ದು ಮಗಳಿಗೆ ಕನ್ನಡಿಯಲ್ಲಿ ಕಂಡಿತು.

ಕಾರ್ಯಕ್ರಮ ನೇರ ಪ್ರಸಾರ. ಎನಿಡ್ ಆಬ್ರಿ ಹೇಳಿದಂತೆಯೇ ನಯವಾಗಿ ಶುರುಮಾಡಿದಳು. ಮಾತು ಸರಿಯಾಗಿಯೇ ಬರುತ್ತಿತ್ತು, ನಗು ಬರುತ್ತಿರಲಿಲ್ಲ. ಸಭಿಕರು ಮರ್ಯಾದೆಗೆ ಹಲ್ಲು ಬಿಟ್ಟರು. ಪಕ್ಕದ ಕುರ್ಚಿಯಲ್ಲಿ ಹರಟೆಗೆ ಕೂತಿದ್ದ, ನಡುವಿನ ಕುರ್ಚಿಯ ಮೇಲೆ ಬಹಳ ದಿನದಿಂದ ಕಣ್ಣಿಟ್ಟಿದ್ದ ಸರ್ ಡೆಂಜಿಲ್ ಮುಂದಕ್ಕೆ ಬಾಗಿದ.

“ಏನು ಎನಿಡ್, ನಾಲಿಗೆಗೆ ಇಸ್ತ್ರಿ ಹಾಕಿಸಿಕೊಂಡು ಬಂದ ಹಾಗಿದೆ! ಮಾತುಗಾರಿಕೆ ಕಲಿತದ್ದು ಎಲ್ಲಿ? ಆಕ್ಸ್‌ಫರ್ಡೋ, ಕೇಂಬ್ರಿಡ್ಜೋ?”

ಅವಳು ಹದಿನೈದಕ್ಕೇ ಶಾಲೆ ಬಿಟ್ಟವಳೆಂದು ಅವನಿಗೆ ಗೊತ್ತಿತ್ತು. ಕ್ಯಾಮೆರಾದ ಹಿಂದೆ ಆಬ್ರಿ ಬೇಡ ಬೇಡವೆಂದು ಕೈಯಾಡಿಸುತ್ತಿದ್ದ. ಕೊನೆಯ ಸಾಲಿನಲ್ಲಿ ಅವ್ವ ಟೋಪಿಯನ್ನು ಹುಬ್ಬಿನವರೆಗೆ ಎಳೆದುಕೊಂಡು ಮುದುರಿದ್ದಳು. ಅದನ್ನು ನೋಡಿ ಎನಿಡ್‌ಗೆ ಮೈಯೆಲ್ಲ ಉರಿದುಹೋಯಿತು.

“ಎರಡೂ ಅಲ್ರೀ ಸರ್,” ಎಂದಳು. ದನಿ ಊರಿನದು. “ಹ್ಯಾಲಿಫ್ಯಾಕ್ಸ್‌ನ್ಯಾಗ ನಮ್ಮದೊಂದು ಮೀನಿನ ಅಂಗಡಿ ಐತಿ. ಗಿರಣಿ ಬಿಟ್ಟ ಮಂದಿ ಹಸಗೊಂಡು ಬಂದು ನಿಂತಿರ್ತಾರ. ಮೀನ ಕರಿಯೂತನಕ ಅವರನ್ನ ನಗಿಸಬೇಕು, ಇಲ್ಲಾಂದ್ರ ಎದುರಿನ ಅಂಗಡಿಗೆ ಹೋಗ್ತಾರ. ಅಲ್ಲಿ ಕಲತೀನ್ರಿ. ನಮ್ಮ ಪ್ರೊಫೆಸರ್ ಹಿಂದ ಕುಂತಾರ ನೋಡ್ರಿ. ಅವ್ವಾ, ಎದ್ದು ನಿಂದ್ರು!”

ಎಲ್ಲರೂ ಹಿಂದಕ್ಕೆ ತಿರುಗಿ ನೋಡಿದರು. ಏಡಾ ಕೈಚೀಲ ಅವುಚಿಕೊಂಡು ಎದ್ದಳು.

“ಓಹೋ! ಮಗಳು ಒಳ್ಳೆ ವಿದ್ಯಾರ್ಥಿನಿಯೇನಮ್ಮ?” ಎಂದ ಡೆಂಜಿಲ್.

“ಎಲ್ಲೀದ್ರಿ! ಪಾಠ ಅರ್ಧಾ ಆಗಿತ್ತು, ಲಂಡನ್ನಿಗೆ ಓಡಿ ಬಂದ್ಲು. ಹೋಗ್ಲಿ, ನಿಮ್ಮಂಥವರಿಗೆ ಅಷ್ಟು ಸಾಕು ಅಂತ ನಾನೂ ಬಿಟ್ಟೆ.”

ಸಭಾಂಗಣದಲ್ಲಿ ನಗೆ ಸಿಡಿಯಿತು. ಡೆಂಜಿಲ್‌ನೇ ಕಣ್ಣೊರೆಸಿಕೊಂಡು ನಕ್ಕ. ಆಬ್ರಿಯ ಕೈ ಕೆಳಗಿಳಿಯಿತು. ಮುಂದೆ ಎಷ್ಟೋ ವರ್ಷ ಆ ಕುರ್ಚಿ ಎನಿಡ್‌ದೇ ಆಯಿತು. ಯಾರೂ ಅವಳ ನಾಲಿಗೆಯ ತಂಟೆಗೆ ಹೋಗಲಿಲ್ಲ.

ಆ ಸಂಜೆಯಂತೂ ಚಪ್ಪಾಳೆ ನಿಲ್ಲಲೇ ಇಲ್ಲ. ಎನಿಡ್ ಕೂಡ ಎದ್ದು ನಿಂತು ತಟ್ಟುತ್ತಿದ್ದಳು. ಕೂರಬೇಕೋ ನಿಂತಿರಬೇಕೋ ಏಡಾಗೆ ತಿಳಿಯಲಿಲ್ಲ. ಕ್ಯಾಮೆರಾ ಅವಳತ್ತ ತಿರುಗಿತು. ಕಣ್ಣಿಗೆ ಹೊಡೆಯುತ್ತಿದ್ದ ದೀಪಕ್ಕೆ ಅಂಗೈ ಅಡ್ಡ ಹಿಡಿದು, ಆ ಬೆಳಕಿನಾಚೆ ಮಗಳ ಮುಖ ಎಲ್ಲಿದೆಯೆಂದು ಅವಳು ಹುಡುಕತೊಡಗಿದಳು.