ಅರಿಸಿನದ ನೀರಿನಲ್ಲಿ ತೊಳೆದ ಬುರುಡೆ

ರೋತುವಾ ನಮ್ಮೂರಿಗೆ ಬಂದ ದಿನ ಮೊದಲು ಕೇಳಿದ್ದು ನನ್ನ ಕುಲ. ಬಾತಾಕ ಬುಡಕಟ್ಟಿನವರಾದ ನಮ್ಮಲ್ಲಿ ಹೆಸರು ಆಮೇಲೆ. ಸಿತೊಂಪುಲ್ ಎಂದೆ. ಅವಳ ತಾಯಿಯೂ ಸಿತೊಂಪುಲ್. ಅಷ್ಟಕ್ಕೇ ನಾನು ಅವಳಿಗೆ ಸೋದರಮಾವನಾದೆ. ಮಾವನ ಎದುರು ಕಾಲು ಚಾಚಿ ಕೂರುವಂತಿಲ್ಲ, ಎದುರು ಮಾತಾಡುವಂತಿಲ್ಲ. ನನ್ನಂಥವನಿಗೆ ಇಷ್ಟೆಲ್ಲ ಗೌರವ!

ನಮ್ಮ ಬೆಟ್ಟದ ಮಾವಾಸ್‌ಗಳನ್ನು, ಅಂದರೆ ಒರಾಂಗುಟಾನ್‌ಗಳನ್ನು, ಅಧ್ಯಯನ ಮಾಡುವುದು ಅವಳ ಕೆಲಸ. ತೋಬಾ ಸರೋವರದಾಚೆಯವೂ ನಮ್ಮವೂ ಒಂದೇ ಎಂದು ಪುಸ್ತಕಗಳಲ್ಲಿದೆಯಂತೆ. ಅಲ್ಲ, ಇವು ಬೇರೆಯೇ ಪ್ರಭೇದ ಎಂಬುದು ಅವಳ ಹಠ.

"ಅಂದ್ರೆ ಅವಕ್ಕೂ ಬೇರೆ ಕುಲ ಅನ್ನು," ಎಂದ ಹೆಂಡದಂಗಡಿಯಲ್ಲಿ ನನ್ನ ಗೆಳೆಯ ಜೊಂಗ್ಗಿ. "ಹಂಗಾದ್ರೆ ಸರೋವರದಾಚೆಯಿಂದ ಹೆಣ್ಣು ತರಬಹುದಲ್ಲಮ್ಮ, ಯಾರ ತಕರಾರೂ ಇರಲ್ಲ!"

ಒಂದೇ ಕುಲದೊಳಗೆ ಮದುವೆಯಾಗದ ನಮ್ಮವರೆಲ್ಲ ಗೊಳ್ಳೆಂದರು. ಅವಳೂ ನಕ್ಕಳು. "ನಗ್ರಿ, ನಗ್ರಿ. ಬಲಿತ ಗಂಡಿಂದು ಇನ್ನೊಂದು ತಲೆಬುರುಡೆ ಸಿಗದೆ ನನ್ನ ಮಾತು ಯಾರೂ ನಂಬಲ್ಲ. ಎರಡು ವರ್ಷದಿಂದ ಹುಡುಕ್ತಿದೀನಿ."

ನಾನು ಗ್ಲಾಸಿನೊಳಗೆ ನೋಡುತ್ತಾ ಕುಳಿತೆ. ಮೂರು ವರ್ಷದ ಹಿಂದೆ ನನ್ನ ಡುರಿಯಾನ್ ಹಣ್ಣಿಗೆ ಬಂದ ದೊಡ್ಡ ಗಂಡೊಂದನ್ನು ನಾನೇ ಗುಂಡಿಟ್ಟು ಬೀಳಿಸಿದ್ದೆ. ಬಿದ್ದಲ್ಲೇ ಅದು ಮುಖಕ್ಕೆ ಕೈ ಅಡ್ಡ ಹಿಡಿಯಿತು. ನಾನು ಇನ್ನೊಂದು ಗುಂಡು ಹಾಕಿದೆ. ಮರದ ಬುಡದಲ್ಲೇ ಹೂತೆ. ಹೆಂಡತಿಗೂ ಹೇಳಲಿಲ್ಲ.

ಮುಂದಿನ ವಾರ ಹೋಗಿ ಅಗೆದೆ. ದವಡೆಗೆ ಕಚ್ಚಿಕೊಂಡಿದ್ದ ಗುಂಡುಗಳನ್ನು ಚಾಕುವಿನ ಮೊನೆಯಿಂದ ಕಿತ್ತೆಸೆದೆ. ನಮ್ಮಲ್ಲಿ ಹೂತ ಹಿರಿಯರ ಎಲುಬುಗಳನ್ನು ವರ್ಷಗಳ ಮೇಲೆ ಹೊಸ ಗೋರಿಯಲ್ಲಿಡಲು ಅಗೆದು ತೆಗೆದಾಗ ನಿಂಬೆರಸ, ಅರಿಸಿನದ ನೀರಿನಲ್ಲಿ ತೊಳೆಯುತ್ತೇವೆ. ಅಪ್ಪನ ಬುರುಡೆಯನ್ನು ತೊಳೆದ ಕೈ ನನ್ನದು. ಯೋಚಿಸದೆ ಇದನ್ನೂ ಹಾಗೆಯೇ ತೊಳೆಯಿತು. ಬಟ್ಟೆಯಲ್ಲಿ ಸುತ್ತಿ ಒಯ್ದು ರೋತುವಾಗೆ ಕೊಟ್ಟೆ.

"ಹೊಳೆ ದಂಡೇಲಿ ಸಿಕ್ತು," ಎಂದೆ.

ಅವಳು ಕುಣಿದಾಡಿಬಿಟ್ಟಳು. ಆಮೇಲೆ ತಿರುಗಿಸಿ ತಿರುಗಿಸಿ ನೋಡಿ, ತನ್ನ ಬೆರಳನ್ನು ಬೆಳಕಿಗೆ ಹಿಡಿದಳು. ಬೆರಳಿಗೆ ಹಳದಿ ಹತ್ತಿತ್ತು.

"ಮಾವ, ಹೊಳೆ ದಂಡೇಲಿ ಸಿಕ್ಕ ಎಲುಬಿಗೆ ಯಾರಾದ್ರೂ ಅರಿಸಿನ ಹಚ್ತಾರಾ?"

ಅವಳು ದವಡೆಯ ತೂತಿನ ಮೇಲೆ ಬೆರಳಿಟ್ಟು ಕುಳಿತಳು. ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ.

"ಎಷ್ಟು ಉಳಿದಿವೆ?" ಎಂದೆ, ಏನಾದರೂ ಕೇಳಬೇಕಲ್ಲ ಎಂದು.

"ಎಂಟುನೂರೂ ಇಲ್ಲ ಮಾವ. ಈ ಬೆಟ್ಟ ಬಿಟ್ರೆ ಇನ್ನೆಲ್ಲೂ ಇಲ್ಲ."

"ಇದನ್ನ ಸೇರಿಸಿನಾ?"

"ಬಿಟ್ಟು."

ಅವಳು ಚೀಟಿ ತೆಗೆದಳು. ಬುರುಡೆ ಇರುವಷ್ಟು ಕಾಲ ಅದರ ಜೊತೆಗೇ ಇರುವ ಚೀಟಿಯದು. ಗಂಡು, ಬಲಿತದ್ದು, ಊರಿನ ಹೆಸರು, ಸತ್ತದ್ದು ಗುಂಡೇಟಿನಿಂದ. 'ಹೊಡೆದವರು' ಎಂಬಲ್ಲಿ ಪೆನ್ನು ನಿಂತಿತು. ಮಾವನ ತಪ್ಪನ್ನು ಸೊಸೆ ಬಾಯಿಬಿಟ್ಟು ಹೇಳುವಂತಿಲ್ಲ. ನಾನಾಗಿಯೇ ಹೇಳಲಿ ಎಂದು ಕಾದಳು. ಅದು ನನಗೆ ಗೊತ್ತಿತ್ತು. ಗೊತ್ತಿದ್ದೂ ಹೇಡಿಯ ಹಾಗೆ ಅಂಗಳದಲ್ಲಿ ಒಣಗುತ್ತಿದ್ದ ಕಾಫಿಬೀಜ ನೋಡುತ್ತಾ ಕುಳಿತೆ. ಒಂದೊಂದು ಹಲ್ಲನ್ನೂ ಕೂದಲೆಳೆಯಷ್ಟು ತಪ್ಪದಂತೆ ಅಳೆಯುವ ಹುಡುಗಿ, ನನಗೋಸ್ಕರ, 'ತಿಳಿದಿಲ್ಲ' ಎಂದು ಬರೆದಳು. ಅದರ ಕೆಳಗೆ 'ತಂದುಕೊಟ್ಟವರು' ಎಂಬಲ್ಲಿ ನನ್ನ ಹೆಸರು.

ಮರುವರ್ಷ ನಮ್ಮ ಮಾವಾಸ್ ಹೊಸ ಪ್ರಭೇದವೆಂದು ತೀರ್ಮಾನವಾಯಿತು. ಭಾನುವಾರ ಚರ್ಚಿನಲ್ಲಿ ಪಾದ್ರಿಗಳು ನನ್ನನ್ನು ಹೆಸರು ಹಿಡಿದು ಕರೆದರು. "ಇವರಿಲ್ದೆ ಇದ್ದಿದ್ರೆ ಆ ಮೂಕಪ್ರಾಣಿಗಳ ಪರವಾಗಿ ಸಾಕ್ಷಿ ಹೇಳೋರು ಯಾರಿದ್ರು?" ಎಂದರು. ಎಲ್ಲರೂ ಚಪ್ಪಾಳೆ ತಟ್ಟಿದರು. ಮುಂದಿನ ಸಾಲಿನಲ್ಲಿದ್ದ ರೋತುವಾ ತಲೆ ತಗ್ಗಿಸಿದಳು.

ನಾನು ಎದ್ದು ನಿಂತೆ. ನಕ್ಕೆ ಕೂಡ.